ನಡುಪಟ್ಟಿ

ಮದುವೆಗೆ ಎರಡು ದಿನ ಇರುವಾಗ ಮತ್ಲುಬಾ ಮಗಳು ಮೊಹಿರಾಳ ಸುಜನಿಯನ್ನು ದೊಡ್ಡ ಕೋಣೆಯ ಗೋಡೆಗೆ ಏರಿಸಿದಳು. ಆಳೆತ್ತರಕ್ಕಿಂತ ಒಂದು ಮೊಳ ಹೆಚ್ಚಿನ ಬಟ್ಟೆ, ಈ ಮೂಲೆಯಿಂದ ಆ ಮೂಲೆಯವರೆಗೆ. ಅದರ ಮೇಲೆ ರೇಷ್ಮೆ ದಾರದಲ್ಲಿ ಕಸೂತಿ ಹಾಕಿದ ದಾಳಿಂಬೆ ಕೆಂಪಿನ ದೊಡ್ಡ ದೊಡ್ಡ ಚಕ್ರಗಳು, ಅವುಗಳನ್ನು ಬಳಸಿ ಹೋಗುವ ಕಪ್ಪು ಬಳ್ಳಿ. ಉರ್ಗುತ್ ಊರಿನಲ್ಲಿ ಹೆಣ್ಣು ಗಂಡನ ಮನೆಗೆ ಹೊರಟರೆ ಫ್ರಿಜ್ಜು, ಬಟ್ಟೆ ಒಗೆಯುವ ಮೆಷಿನ್ನು ಎಲ್ಲ ಹಿಂದಿನ ಲಾರಿಯಲ್ಲಿ ಬರುತ್ತವೆ. ಮೊದಲು ಹೋಗುವುದು ಸುಜನಿ. ಹೊಸ ಜೋಡಿಯ ಕೋಣೆಯ ಗೋಡೆ ಬರಿದಾಗಿರಬಾರದು, ಅಷ್ಟೇ.

ನೆರೆಹೊರೆಯ ಹೆಂಗಸರೆಲ್ಲ ನೋಡಲು ಬಂದು ಹಾಸಿನ ಮೇಲೆ ಸಾಲಾಗಿ ಕೂತಿದ್ದರು. ನಡುವೆ ಬಿಸಿ ರೊಟ್ಟಿ, ಒಣದ್ರಾಕ್ಷಿ, ಹಸಿರು ಚಹಾದ ಕೆಟಲುಗಳು. ಯಾರದು ಯಾವ ಪಟ್ಟಿ, ಯಾರ ಕೈ ಬಿಗಿ, ಯಾರ ಕೈ ಸಡಿಲ ಎಂಬ ಮಾತು ಜೋರಾಗಿ ನಡೆದಿತ್ತು. ಮತ್ಲುಬಾ ಮಾತ್ರ ಚಹಾ ಬಗ್ಗಿಸುವ ನೆಪದಲ್ಲಿ ಗೋಡೆಗೆ ಬೆನ್ನು ಮಾಡಿಯೇ ಓಡಾಡುತ್ತಿದ್ದಳು. ತಾನೇ ಹೊಲಿಸಿ ತಾನೇ ಏರಿಸಿದ ಬಟ್ಟೆಯ ನಡುಭಾಗವನ್ನು ನೋಡಲು ಅವಳಿಗೆ ಮನಸ್ಸಾಗುತ್ತಿರಲಿಲ್ಲ.

ಆ ಊರಿನ ಮಗ್ಗ ಸಣ್ಣದು. ಅದರಲ್ಲಿ ನೇಯ್ದ ಐದು ಪಟ್ಟಿಗಳನ್ನು ಪಕ್ಕಪಕ್ಕ ಇಟ್ಟು, ಕಚ್ಚಾ ಹೊಲಿಗೆ ಹಾಕಿ, ಇನೋಬತ್ ಅಜ್ಜಿಯ ಮುಂದೆ ಹಾಸುತ್ತಾರೆ. ಅಜ್ಜಿ ಜೊಂಡಿನ ಕಡ್ಡಿಯನ್ನು ಮಸಿಯಲ್ಲಿ ಅದ್ದಿ, ಮಂಡಿಯೂರಿ, ಅಳತೆಯೂ ಇಲ್ಲದೆ ಗೆರೆ ಎಳೆಯುತ್ತಾ ಹೋಗುತ್ತಾಳೆ. ಗೆರೆ ಮುಗಿದ ಮೇಲೆ ಹೊಲಿಗೆ ಬಿಚ್ಚಿ ಒಂದೊಂದು ಪಟ್ಟಿಯನ್ನು ಒಂದೊಂದು ಮನೆಯ ಹೆಂಗಸಿಗೆ ಕೊಡುವುದು. ಒಂದೇ ಚಕ್ರದ ಅರ್ಧ ಇವಳ ಮನೆಯಲ್ಲಿ, ಅರ್ಧ ಅವಳ ಮನೆಯಲ್ಲಿ. ವರ್ಷಗಳ ಮೇಲೆ ಮತ್ತೆ ಸೇರಿಸಿದಾಗ ಒಂದರ್ಧ ಗಾಢ, ಒಂದರ್ಧ ತಿಳಿ. ಅದನ್ನು ಯಾರೂ ತಪ್ಪೆನ್ನುವುದಿಲ್ಲ. ನಡುಪಟ್ಟಿಯನ್ನು ಮಾತ್ರ ತೀರಾ ಹತ್ತಿರದವರಿಗೆ ಕೊಡುತ್ತಾರೆ. ಅದರಲ್ಲಿ ಒಂದು ಎಲೆಯನ್ನು ಕಸೂತಿ ತುಂಬದೆ ಖಾಲಿ ಬಿಡುವುದು ಪದ್ಧತಿ. ಪೂರ್ತಿ ಮುಗಿಸಿಬಿಟ್ಟರೆ ಮನೆಯಲ್ಲಿ ಶುಭಕಾರ್ಯಗಳೂ ಮುಗಿದುಹೋಗುತ್ತವೆ ಎಂದು ನಂಬಿಕೆ.

ನಾಲ್ಕು ವರ್ಷದ ಹಿಂದೆ ಮೊಹಿರಾಳ ನಡುಪಟ್ಟಿಯನ್ನು ಮತ್ಲುಬಾ ಕೊಟ್ಟದ್ದು ಒಡಹುಟ್ಟಿದ ಅಕ್ಕ ಸನೋಬರಳಿಗೆ. ಬೇರೆ ಯಾರಿಗೆ ಕೊಡುತ್ತಾಳೆ? ತಾಯಿ ಸತ್ತ ಮೇಲೆ ತಂಗಿಯ ತಲೆ ಬಾಚಿ ಶಾಲೆಗೆ ಕಳಿಸಿದವಳೇ ಸನೋಬರ್.

ಹೋದ ಚಳಿಗಾಲದಲ್ಲಿ ಸನೋಬರಳ ಮಗಳು ನಿಗಿನಾ ತೀರಿಕೊಂಡಳು. ಮೂರೇ ದಿನದ ಜ್ವರ. ಒಬ್ಬಳೇ ಮಗಳು, ಇಪ್ಪತ್ತು ತುಂಬಿರಲಿಲ್ಲ. ಅಂದಿನಿಂದ ಸನೋಬರ್ ನೀಲಿ ಬಟ್ಟೆ ಉಟ್ಟಿದ್ದಳು. ವರ್ಷ ತುಂಬುವವರೆಗೆ ಸಾವಿನ ಮನೆಯವರು ಉಡುವುದು ನೀಲಿ, ಕೆಂಪನ್ನು ಕೈಯಲ್ಲೂ ಮುಟ್ಟುವುದಿಲ್ಲ. ಗೋಡೆಯ ಮೇಲಿನ ಬಟ್ಟೆಗಳನ್ನೆಲ್ಲ ಇಳಿಸಿ ಪೆಟ್ಟಿಗೆಗೆ ಹಾಕುತ್ತಾರೆ.

ವರ್ಷ ತುಂಬುವ ಮೊದಲೇ ಮೊಹಿರಾಳ ಮದುವೆ ನಿಶ್ಚಯವಾಯಿತು. ಗಂಡಿನ ಅಜ್ಜ ಹಾಸಿಗೆ ಹಿಡಿದಿದ್ದರು, ಕಣ್ಣು ಮುಚ್ಚುವ ಮೊದಲು ಮೊಮ್ಮಗನ ಮದುವೆ ನೋಡಬೇಕೆಂದು ಹಟ. ಇಂಥದ್ದಕ್ಕೆ ದುಃಖದ ಮನೆಯವರ ಒಪ್ಪಿಗೆ ಬೇಕು. ಮತ್ಲುಬಾ ಎರಡು ರೊಟ್ಟಿಯನ್ನು ಬಟ್ಟೆಯಲ್ಲಿ ಸುತ್ತಿಕೊಂಡು ಅಕ್ಕನ ಮನೆಗೆ ಹೋಗಿ ಕೂತಳು. ಬರಿಗೋಡೆಯ ತುಂಬ ಸಾಲಾಗಿ ಮೊಳೆಗಳು ಕಾಣುತ್ತಿದ್ದವು.

"ಮಾಡಿ ಕಣೇ," ಎಂದಿದ್ದಳು ಸನೋಬರ್, ಕೇಳುವ ಮೊದಲೇ. "ಹುಡುಗೀನ ಯಾಕೆ ಕಾಯಿಸ್ತೀರಿ? ಕಾದು ಏನಾಗ್ಬೇಕಾಗಿದೆ?"

ಪಟ್ಟಿಯ ಮಾತನ್ನು ಅವಳು ಎತ್ತಲಿಲ್ಲ. ಮತ್ಲುಬಾಳೂ ಎತ್ತಲಿಲ್ಲ. ಹಾಗೆ ಕೇಳದೆ ಎದ್ದು ಬಂದದ್ದು ಅಕ್ಕನ ನೋವು ಕೆದಕಬಾರದೆಂಬ ಕಾರಣಕ್ಕೆ ಎಂದು ಮತ್ಲುಬಾ ತನಗೆ ತಾನೇ ಹೇಳಿಕೊಂಡಳು. ಸುಳ್ಳು. ಮದುವೆಯ ಬಟ್ಟೆಗೆ ಸೂಜಿ ಹಾಕುವ ಕೈ ತುಂಬಿದ ಮನೆಯ ಕೈ ಆಗಿರಬೇಕು ಎಂದು ಊರಿಗೆ ಊರೇ ನಂಬುತ್ತದೆ, ಮತ್ಲುಬಾಳೂ ನಂಬುತ್ತಿದ್ದಳು. ಮಗಳನ್ನು ಮಣ್ಣಿಗೆ ಕೊಟ್ಟ ಕೈ ಹಾಕಿದ ಹೊಲಿಗೆ ತನ್ನ ಮಗಳ ಹಾಸಿಗೆಯ ಮೇಲಿನ ಗೋಡೆಯಲ್ಲಿ ತೂಗುವುದು ಅವಳಿಗೆ ಬೇಡವಾಗಿತ್ತು. ಅಕ್ಕನ ಮನೆಯಿಂದ ಹೊರಟವಳು ನೇರ ಇನೋಬತ್ ಅಜ್ಜಿಯ ಮನೆಗೆ ಹೋಗಿ, ಇನ್ನೊಂದು ನಡುಪಟ್ಟಿಗೆ ಗೆರೆ ಎಳೆದುಕೊಡೆಂದು ಕೇಳಿದಳು.

"ಪಕ್ಕದ ಪಟ್ಟಿಗಳೆಲ್ಲ ಅವರವರ ಮನೇಲಿವೆ. ನೋಡ್ದೆ ಹೆಂಗೆ ಎಳೀಲಿ? ನಂಗೀಗ ಎಂಬತ್ತೊಂದು ಕಣೇ," ಎಂದು ಅಜ್ಜಿ ಗೊಣಗಿದಳು. "ನಿಮ್ಮಕ್ಕನ ಹತ್ರ ಕೇಳೋಕೆ ಬಾಯಿಲ್ವಾ ನಿಂಗೆ?"

ಆದರೂ ನೆನಪಿನ ಮೇಲೆ ಎಳೆದುಕೊಟ್ಟಳು. ಆ ಪಟ್ಟಿ ಹೋದದ್ದು ಪಕ್ಕದ ಮನೆಯ ಹೊಸಿಯತಳ ಕೈಗೆ. ಗಂಡ ಇದ್ದಾನೆ, ಏಳು ಮಕ್ಕಳೂ ಗಟ್ಟಿಮುಟ್ಟಾಗಿದ್ದಾರೆ, ಬಾಯಲ್ಲಿ ಹಲ್ಲುಗಳೂ ಅಷ್ಟೂ ಇವೆ. ಇದಕ್ಕಿಂತ ತುಂಬಿದ ಕೈ ಉರ್ಗುತಿನಲ್ಲಿ ಹುಡುಕಿದರೂ ಸಿಗುವುದಿಲ್ಲ.

ಈಗ ಅದೇ ಹೊಸಿಯತ್ ಗೋಡೆಯ ಕೆಳಗೆ ಕೂತು, ಬೆರಳು ಚಾಚಿ, ತಾನು ಬಿಟ್ಟ ಖಾಲಿ ಎಲೆಯನ್ನು ಮೂರನೆಯ ಸಲ ಎಲ್ಲರಿಗೂ ತೋರಿಸುತ್ತಿದ್ದಳು. "ಅಲ್ನೋಡಿ, ಮೇಲ್ಗಡೆ, ಎಡಕ್ಕೆ. ಎಲ್ರಿಗೂ ಕಾಣ್ಲಿ ಅಂತಾನೇ ಅಲ್ಲಿ ಬಿಟ್ಟಿದೀನಿ."

"ಗೆರೆ ಎರಡು ಬೆರಳು ಜಾರಿದೆ," ಎಂದಳು ಮೂಲೆಯಲ್ಲಿದ್ದ ಇನೋಬತ್ ಅಜ್ಜಿ. "ಚಕ್ರ ಸೇರಿಲ್ಲ. ತಪ್ಪು ನಂದೇ."

"ಅಯ್ಯೋ ಬಿಡಜ್ಜಿ! ಬಣ್ಣ ಸೇರಿದೆಯಲ್ಲ. ದೂರದಿಂದ ಯಾರಿಗೆ ಗೊತ್ತಾಗುತ್ತೆ?" ಎಂದಳು ಹೊಸಿಯತ್.

ಆಗ ಬಾಗಿಲಲ್ಲಿ ನೀಲಿ ಬಟ್ಟೆ ಕಂಡಿತು.

ಸನೋಬರ್ ಹತ್ತು ತಿಂಗಳಿಂದ ಯಾರ ಮನೆಯ ಸಮಾರಂಭಕ್ಕೂ ಹೋದವಳಲ್ಲ. ಮೆಟ್ಟು ಬಿಟ್ಟು ಒಳಗೆ ಬಂದಳು. ಕಂಕುಳಲ್ಲಿ ಬಿಳಿ ಬಟ್ಟೆಯ ಗಂಟೊಂದಿತ್ತು. ಹೆಂಗಸರು ಸರಿದು ಜಾಗ ಮಾಡಿದರು. ಕೂರುವ ಮುಂಚೆ ಅವಳು ಗೋಡೆ ನೋಡಿದಳು. ಎಡಗಡೆಯಿಂದ ಬಲಗಡೆಗೆ ಒಂದೊಂದೇ ಪಟ್ಟಿಯ ಮೇಲೆ ಅವಳ ಕಣ್ಣು ಹೋಗುವುದನ್ನು ಮತ್ಲುಬಾ ನೋಡಿದಳು. ಐದು ಪಟ್ಟಿಗಳೂ ಇದ್ದವು. ಸನೋಬರ್ ಕೂತು, ಗಂಟನ್ನು ಮಂಡಿಯ ಕೆಳಗೆ ಸರಿಸಿಕೊಂಡಳು.

ಮತ್ಲುಬಾ ಚಹಾ ಕೊಟ್ಟಳು. ಸನೋಬರ್ ರೊಟ್ಟಿ ಮುರಿದು ಒಂದು ಚೂರು ಬಾಯಿಗೆ ಹಾಕಿಕೊಂಡಳು.

"ಚೆನ್ನಾಗಿದೆ," ಎಂದಳು. "ನಡುವಿಂದು ಯಾರ ಕೈ?"

ಬಾಯಿ ಮುಚ್ಚಿಕೊಂಡಿರುವುದು ಹೊಸಿಯತಳ ಜಾಯಮಾನವೇ ಅಲ್ಲ. "ನಂದು! ಎರಡು ತಿಂಗಳು ಕೂತಿದೀನಿ. ಕತ್ತು ಹಿಡ್ಕೊಂಡು ಬಿಟ್ಟಿತ್ತು."

"ಕೈ ನೀಟಾಗಿದೆ," ಎಂದಳು ಸನೋಬರ್.

ಸನೋಬರ್ ಚಹಾ ಮುಗಿಸಿ, ಎರಡೂ ಅಂಗೈ ಎತ್ತಿ, ಮದುಮಗಳಿಗೆ ಒಳ್ಳೆಯದಾಗಲಿ ಎಂದು ಪ್ರಾರ್ಥಿಸಿ ಮುಖಕ್ಕೆ ಸವರಿಕೊಂಡಳು. ಗಂಟು ಎತ್ತಿಕೊಂಡು ಎದ್ದಳು.

"ಅದೇನು ದೊಡ್ಡಮ್ಮ, ಗಂಟಲ್ಲಿ?" ಎಂದು ಮೊಹಿರಾ ಕೇಳಿದಳು.

"ಏನಿಲ್ಲಮ್ಮ. ನಂದೇ ಬಟ್ಟೆ."

ಮತ್ಲುಬಾ ಬರಿಗಾಲಲ್ಲಿ ಅಂಗಳಕ್ಕೆ ಓಡಿದಳು. ಜರ್ದಾಳು ಮರದ ಕೆಳಗೆ ಅಕ್ಕನ ತೋಳು ಹಿಡಿದು ನಿಲ್ಲಿಸಿದಳು. ಗಂಟನ್ನು ಕಿತ್ತುಕೊಂಡು ಬಿಚ್ಚಿದಳು.

ನಡುಪಟ್ಟಿ. ಮೇಲಿನಿಂದ ಕೆಳಗಿನವರೆಗೆ ಮುಗಿದಿತ್ತು. ಚಕ್ರಗಳೆಲ್ಲ ನೀಲಿ, ಎಲೆಗಳೂ ನೀಲಿ.

"ನಿಗಿನಾ ಇರೋವಾಗ ಕಪ್ಪು ಬಳ್ಳಿ ಮಾತ್ರ ಮುಗಿದಿತ್ತು. ಆಮೇಲೆ ಕೆಂಪು ಮುಟ್ಟೋ ಹಾಗಿರ್ಲಿಲ್ಲ," ಎಂದಳು ಸನೋಬರ್. "ವರ್ಷ ತುಂಬ್ಲಿ ಅಂತ ಕೂತಿದ್ರೆ ಮದುವೆ ಮುಗಿದುಹೋಗ್ತಿತ್ತು. ನೀಲಿ ಆದ್ರೆ ಮುಟ್ಬಹುದಲ್ಲ. ಮಾತು ಕೊಟ್ಟಿದ್ದೆ, ಮುಗಿಸ್ದೆ. ಪಟ್ಟಿ ಕೇಳೋಕೆ ಮತ್ತೆ ಬರ್ತೀಯ, ಆಗ ತೋರಿಸೋಣ ಅಂತಿದ್ದೆ. ಬರ್ಲಿಲ್ಲ ನೀನು."

"ಅಕ್ಕಾ..."

"ನನ್ನ ಕೈ ಒಳ್ಳೇದಲ್ಲ ಅಂತ ಅನ್ನಿಸ್ತಾ ನಿಂಗೆ?"

ಇಲ್ಲ ಎಂದು ಹೇಳಬಹುದಿತ್ತು. ನಾಲಿಗೆಯ ತುದಿಗೆ ಬಂದಿತ್ತು ಕೂಡ. ಆದರೆ ತನ್ನ ತಲೆ ಬಾಚಿದ ಕೈಗಳನ್ನು ನೋಡುತ್ತಾ ಮತ್ಲುಬಾಳಿಗೆ ಇನ್ನೊಂದು ಸುಳ್ಳು ಹೇಳಲಾಗಲಿಲ್ಲ.

"ಹೂಂ," ಎಂದಳು. "ಹೆದರ್ಕೊಂಡೆ. ನಂಗಿರೋಳೂ ಒಬ್ಳೇ ಮಗಳು ಅಕ್ಕಾ, ಹೆದರ್ಕೊಂಡೆ."

"ನಾನೂ ಹೆದರ್ತಿದ್ದೆ ಕಣೇ," ಎಂದಳು ಸನೋಬರ್. "ಸೂಜಿ ಹಾಕೋವಾಗೆಲ್ಲ ಬಿಸ್ಮಿಲ್ಲಾ ಅಂತಿದ್ದೆ. ನನ್ ಮನೇದು ಏನೂ ಆ ಮಗೂಗೆ ಅಂಟದೇ ಇರ್ಲಿ ಅಂತ. ಕೊಡಿಲ್ಲಿ, ಹೋಗ್ತೀನಿ. ಗೋಡೆ ಆಗ್ಲೇ ತುಂಬಿದೆಯಲ್ಲ."

ಮತ್ಲುಬಾ ಪಟ್ಟಿ ಕೊಡಲಿಲ್ಲ. ಅದನ್ನು ಎದೆಗೆ ಅವಚಿಕೊಂಡು ಒಳಗೆ ನಡೆದಳು. ನೇರ ಹೋಗಿ ಸ್ಟೂಲು ಹತ್ತಿ ಮೊಳೆಗಳಿಂದ ಸುಜನಿಯನ್ನು ಬಿಡಿಸತೊಡಗಿದಳು.

"ಏನೇ ಇದು, ತಲೆ ಕೆಟ್ಟಿದೆಯಾ?" ಹೊಸಿಯತ್ ಎದ್ದು ನಿಂತಳು. "ಮದುವೆ ಗೋಡೆ ಇಳಿಸ್ತಾರೇನೇ ಯಾರಾದ್ರೂ?"

"ಮತ್ತೆ ಏರಿಸ್ತೀನಿ. ಬ್ಲೇಡ್ ಕೊಡಿ ಯಾರಾದ್ರೂ."

ನೆಲದ ಮೇಲೆ ಹಾಸಿ, ಹೊಸಿಯತಳ ಪಟ್ಟಿಯ ಎರಡೂ ಬದಿಯ ಹೊಲಿಗೆ ಬಿಚ್ಚಿದಳು. ಅವಸರದಲ್ಲಿ ಬೆರಳು ಕೊಯ್ದಿತು, ಬಾಯಲ್ಲಿಟ್ಟುಕೊಂಡು ಮತ್ತೆ ಬಿಚ್ಚಿದಳು. ಹೊಸಿಯತಳ ಮುಖ ಸಣ್ಣದಾಗಿತ್ತು. ಎರಡು ತಿಂಗಳ ದುಡಿಮೆ, ಪಾಪ, ಅವಳದೇನು ತಪ್ಪು? ಮತ್ಲುಬಾ ಆ ಪಟ್ಟಿಯನ್ನು ಮಡಿಸಿ ಅವಳ ಕೈಗಿಟ್ಟಳು. "ನಿನ್ ಕೈದು ನಿನ್ ಮೊಮ್ಮಗಳಿಗಿರ್ಲಿ. ತಪ್ಪು ನಂದು, ನಿಂದಲ್ಲ."

ಖಾಲಿಯಾದ ಜಾಗದಲ್ಲಿ ನೀಲಿ ಪಟ್ಟಿ ಇಟ್ಟಳು. ಕೆಂಪು ಅರ್ಧಚಕ್ರಗಳ ಪಕ್ಕಕ್ಕೆ ನೀಲಿ ಅರ್ಧಚಕ್ರಗಳು ಬಂದು ಕೂತವು. ಇನೋಬತ್ ಅಜ್ಜಿ ಮಂಡಿಯೂರಿ ಬಂದು ಜೋಡಣೆಯ ಉದ್ದಕ್ಕೂ ಹೆಬ್ಬೆರಳು ಆಡಿಸಿದಳು. ಗೆರೆಗೆ ಗೆರೆ ಕೂಡಿತ್ತು. ಎಲ್ಲೂ ಕೂದಲೆಳೆಯಷ್ಟೂ ಜಾರಿರಲಿಲ್ಲ.

"ಇದು ನನ್ನ ಗೆರೆ," ಎಂದಳು ಅಜ್ಜಿ. ಆಮೇಲೆ ಮೇಲಿನಿಂದ ಕೆಳಗಿನವರೆಗೆ ಹುಡುಕಿದಳು. "ಖಾಲಿ ಎಲೆ ಎಲ್ಲೇ ಸನೋಬರ್?"

ಸನೋಬರ್ ಬಾಗಿಲ ಬಳಿಯೇ ನಿಂತಿದ್ದಳು. "ಬಿಟ್ಟಿಲ್ಲ ಅಜ್ಜಿ."

"ಬಿಟ್ಟಿಲ್ಲ ಅಂದ್ರೆ? ಪದ್ಧತಿ ಗೊತ್ತಿಲ್ವಾ?"

"ಗೊತ್ತು. ಮುಂದಿನ ಮದುವೆಗೆ ಅಂತ ಬಿಡೋದು." ಅವಳ ದನಿ ಅಲ್ಲಿಯವರೆಗೂ ಗಟ್ಟಿಯಾಗಿಯೇ ಇತ್ತು, ಈಗ ಒಡೆಯಿತು. "ನನ್ ಮನೇಲಿ ಮುಂದೆ ಯಾರ ಮದುವೆ ಇದೆ? ಯಾರಿಗೆ ಅಂತ ಬಿಡ್ಲಿ? ಸೂಜಿ ಹಿಡಿದ್ರೆ ನಿಲ್ಲಿಸೋಕೆ ಆಗ್ಲಿಲ್ಲ, ಎಲ್ಲಾ ತುಂಬಿಬಿಟ್ಟೆ."

ಹತ್ತು ತಿಂಗಳಲ್ಲಿ ಯಾರ ಮುಂದೆಯೂ ಅಳದಿದ್ದವಳು ಬಾಗಿಲ ಚೌಕಟ್ಟಿಗೆ ಹಣೆ ಕೊಟ್ಟು ಅತ್ತಳು. ಯಾರೂ ಸಮಾಧಾನ ಹೇಳಲು ಹೋಗಲಿಲ್ಲ. ಕೂತಿದ್ದ ಹೆಂಗಸರಲ್ಲಿ ಹಲವರು ತಾವೂ ಕಣ್ಣೊರೆಸಿಕೊಂಡರು. ಹೊಸಿಯತ್ ಕೂಡ.

ಎದ್ದು ಹೋದವಳು ಮೊಹಿರಾ. ದೊಡ್ಡಮ್ಮನ ಕೈ ಹಿಡಿದು ಕರೆತಂದು ಬಟ್ಟೆಯ ಪಕ್ಕ ಕೂರಿಸಿದಳು.

"ನನ್ ಮನೇಲಿ ಇರುತ್ತಲ್ಲ ದೊಡ್ಡಮ್ಮ, ಮುಂದಿನ ಮದುವೆ," ಎಂದಳು. ನಾಚಿಕೆಯಿಂದ ಕಿವಿ ಕೆಂಪಾಗಿತ್ತು. "ಮಗಳು ಹುಟ್ಟಿದ್ರೆ ಅವಳ ನಡುಪಟ್ಟೀನೂ ನಿಮಗೇ ಕೊಡೋದು. ಈಗ್ಲೇ ಹೇಳಿಟ್ಟಿದೀನಿ. ಇದ್ರಲ್ಲಿ ನಂಗೊಂದು ಎಲೆ ಬಿಟ್ಕೊಡಿ."

ಸನೋಬರ್ ತಲೆವಸ್ತ್ರದ ಅಂಚಿನಲ್ಲಿ ಮುಖ ಒರೆಸಿಕೊಂಡಳು. ಬಹಳ ಹೊತ್ತು ಪಟ್ಟಿಯನ್ನೇ ನೋಡಿದಳು. ಕೊನೆಗೆ ಒಂದು ಎಲೆ ಆರಿಸಿದಳು. ಎಲ್ಲರಿಗೂ ಕಾಣಲಿ ಎಂದು ಮೇಲ್ಗಡೆಯದಲ್ಲ, ಕೆಳಗಿನದು. ಮಂಚದ ಮೇಲೆ ಮಲಗಿದವಳಿಗೆ ಕಣ್ಣಿನ ಮಟ್ಟಕ್ಕೆ ಸಿಗುವಂಥದು. ಸೂಜಿಯ ತುದಿಯಿಂದ ಹೊಲಿಗೆಯನ್ನು ಒಂದೊಂದಾಗಿ ಎತ್ತಿ ಬಿಚ್ಚಿದಳು. ಬಂದ ದಾರವನ್ನು ಬೆರಳಿಗೆ ಸುತ್ತಿಕೊಂಡಳು.

ಎಲೆ ಖಾಲಿಯಾಯಿತು. ಉಳಿದದ್ದು ಅಜ್ಜಿಯ ಮಸಿಯ ಗೆರೆ, ಅದರೊಳಗೆ ಸೂಜಿ ಚುಚ್ಚಿದ ಸಣ್ಣ ಸಣ್ಣ ತೂತುಗಳು.

ಆಮೇಲೆ ಅಕ್ಕತಂಗಿಯರು ಎದುರುಬದುರು ಕೂತರು. ಒಂದು ಬದಿಯ ಜೋಡಣೆಯನ್ನು ಮತ್ಲುಬಾ ಹೊಲಿದಳು, ಇನ್ನೊಂದು ಬದಿಯದನ್ನು ಸನೋಬರ್. ಬೆರಳಿಗೆ ಸುತ್ತಿದ್ದ ನೀಲಿ ದಾರವನ್ನೇ ಅವಳು ಸೂಜಿಗೆ ಪೋಣಿಸಿದ್ದಳು. ಅದು ಮೊಳದುದ್ದ ಹೊಲಿಗೆಗೆ ಮುಗಿದುಹೋಯಿತು. ಅವಳು ತಲೆಯೆತ್ತದೆ ಕೈ ಚಾಚಿದಳು. ಮತ್ಲುಬಾ ತನ್ನ ಉಂಡೆಯಿಂದ ಕೆಂಪು ದಾರ ಹರಿದು ಕೊಟ್ಟಳು.

ಸನೋಬರ್ ಅದನ್ನು ತುಸು ಹೊತ್ತು ಅಂಗೈಯಲ್ಲೇ ಇಟ್ಟುಕೊಂಡಿದ್ದಳು. ಆಮೇಲೆ ತುದಿಯನ್ನು ತುಟಿಯಲ್ಲಿ ಒದ್ದೆ ಮಾಡಿ ಸೂಜಿಗೆ ಪೋಣಿಸಿದಳು.