ಕಟ್ಟೆಯೊಳಗಿನ ಸಾಲ್ವಿಯಾ

ಎಮ್ಮಿಗನೂರಿನ ಕಾಲುವೆ ದಂಡೆಯನ್ನು ಪಂಪಾವತಿ ಆ ವಾರವೆಲ್ಲ ಕಾಲು ಸೋಲುವಷ್ಟು ಅಲೆದಿದ್ದಳು. ಎಂ.ಎಸ್ಸಿ. ಪ್ರಾಜೆಕ್ಟಿಗೆ ಅವಳು ಆರಿಸಿಕೊಂಡದ್ದು ಸಾಲ್ವಿಯಾ, ಒದ್ದೆ ನೆಲದಲ್ಲಿ ತಾನೇ ಹುಟ್ಟುವ, ತುಳಸಿಗೆ ದೂರದ ನೆಂಟನಾದ ಕಾಡುಗಿಡ. ಶನಿವಾರ ಹೊಸಪೇಟೆಯ ಕಾಲೇಜಿನಲ್ಲಿ ಹೂಬಿಟ್ಟ ಗಿಡವನ್ನು ಬೇರು ಸಮೇತ ತೋರಿಸಬೇಕು. ಇಲ್ಲದಿದ್ದರೆ ಇನ್ನೊಂದು ವರ್ಷ ಕಾಯಬೇಕು. ಮದುವೆಯಾದ ಮೇಲೆ ಹಟ ಹಿಡಿದು ಓದುತ್ತಿದ್ದವಳಿಗೆ ಒಂದು ವರ್ಷವೆಂದರೆ ಸಣ್ಣ ಮಾತಲ್ಲ. ದಂಡೆಯ ಮೇಲಿನ ಕಳೆಯನ್ನೋ, ಯಾರೋ ಪುಣ್ಯಾತ್ಮರು ನುಣ್ಣಗೆ ಬೋಳಿಸಿಟ್ಟಿದ್ದರು.

ಶುಕ್ರವಾರ ಬೆಳಿಗ್ಗೆ ಹಲ್ಲುಜ್ಜುತ್ತ ಅಂಗಳಕ್ಕೆ ಬಂದವಳು ತುಳಸಿಕಟ್ಟೆಯ ಮುಂದೆ ಬ್ರಷ್ ಬಾಯಲ್ಲೇ ಇಟ್ಟುಕೊಂಡು ನಿಂತುಬಿಟ್ಟಳು. ಹಳೆಯ ತುಳಸಿ ಒಣಗಿದಾಗ ಅತ್ತೆ ಜಂಬವ್ವ ಕಟ್ಟೆಗೆ ಕಾಲುವೆಯ ಹೂಳು ತುಂಬಿದ್ದಳು. ಅದರಲ್ಲಿ ಎದ್ದ ಸಸಿಗೆ ತುಳಸಿಯಂತೆಯೇ ಚೌಕ ಕಾಂಡ, ಎದುರುಬದುರು ಎಲೆ. ತುಳಸಿ ತಾಯಿ ತಾನಾಗಿ ಬಂದಳೆಂದು ಅತ್ತೆ ಅಂದಿನಿಂದ ನೀರೆರೆದು ಸುತ್ತು ಹಾಕುತ್ತಿದ್ದಳು. ಘಮವಿಲ್ಲದ್ದಕ್ಕೆ ತನ್ನ ನೆಗಡಿಯನ್ನೇ ಬೈದುಕೊಂಡಿದ್ದಳು. ಊರೆಲ್ಲ ಹುಡುಕಿದ ಸೊಸೆಯೂ ಇದನ್ನು ಸರಿಯಾಗಿ ನೋಡಿರಲಿಲ್ಲ. ದೇವರ ಗಿಡವನ್ನು ಯಾರು ಪರೀಕ್ಷೆ ಮಾಡುತ್ತಾರೆ?

ಈಗ ಅದು ಹೂ ಬಿಟ್ಟಿತ್ತು. ಎಳ್ಳುಕಾಳಿನಷ್ಟು ಸಣ್ಣ ಹೂ, ತಿಳಿ ನೇರಳೆ, ಎರಡು ತುಟಿ. ಪಂಪಾವತಿ ಭೂತಗನ್ನಡಿ ತಂದು ಹಿಡಿದಳು. ತುಳಸಿ ಹೂವಿಗೆ ಕೇಸರ ನಾಲ್ಕು, ಇದಕ್ಕೆ ಎರಡೇ. ಖುಷಿಗೆ ಕುಣಿಯಬೇಕೆನಿಸಿತು, ಮರುಕ್ಷಣವೇ ಕಾಂಡಕ್ಕೆ ಅತ್ತೆ ಹಚ್ಚಿದ ಕುಂಕುಮ ಕಂಡಿತು. ಇದನ್ನು ಕೀಳುವುದು ಹೇಗೆ?

ಅಳುಕುತ್ತಲೇ ಅತ್ತೆಗೆ ಎಲ್ಲವನ್ನೂ ಹೇಳಿದಳು. ಜಂಬವ್ವ ಗಿಡದ ಎಲೆ ಮುಟ್ಟಿ ನೋಡಿ, ಇವತ್ತು ಶುಕ್ರವಾರ, ತುಳಸಿ ಕೀಳಬಾರದು ಎಂದಳು.

"ಅತ್ತಿ, ಇದು ತುಳಸಿ ಅಲ್ಲರಿ."

"ನಿನಗ ಗೊತ್ತು, ಈಗ ನನಗೂ ಗೊತ್ತಾತು. ಅದಕ್ಕ ಗೊತ್ತೈತೇನು? ತುಳಸಿ ಅಂತನ ಪೂಜಿ ಮಾಡಿಸ್ಕೊಂಡು ಬೆಳದೈತಿ."

ಇಷ್ಟು ಹೇಳಿ ಒಳಗೆ ಹೋದವಳು ಆ ವಿಷಯ ಮತ್ತೆ ಎತ್ತಲಿಲ್ಲ.

ಶನಿವಾರ ಹೊತ್ತು ಮೂಡುತ್ತಿದ್ದಂತೆ ಅತ್ತೆ ಕರೆದಳು. ಗಿಡವನ್ನು ತಾನೇ ಮಣ್ಣಿನ ಹೆಂಟೆ ಸಮೇತ ಎಬ್ಬಿಸಿದ್ದಳು. ಸೊಸೆಯನ್ನು ಮಣೆಯ ಮೇಲೆ ಕೂರಿಸಿ, ಸೆರಗು ಒಡ್ಡಿಸಿ, ಗಿಡವನ್ನು ಅದರೊಳಗಿಟ್ಟು ಅಕ್ಕಿ, ಅರಿಶಿನ ಕೊಂಬು, ಅಡಿಕೆ ಹಾಕಿ ಉಡಿ ತುಂಬಿದಳು.

"ಮನಿ ಬಿಟ್ಟು ಹೋಗೋ ಮಗಳು ಬರೇ ಉಡೀಲೆ ಹೋಗಬಾರದವ್ವ. ಜಲ್ದಿ ಹೋಗು, ಬಸ್ಸು ತಪ್ಪೀತು."

ಕಾಲೇಜಿನಲ್ಲಿ ಮೇಷ್ಟ್ರು ಬೇರಿನ ಮಣ್ಣು ಕೊಡವಿದಾಗ ಮೇಜಿನ ಮೇಲೆ ಅಕ್ಕಿಕಾಳು ಉದುರಿದವು. ಅವರು ಕನ್ನಡಕ ಏರಿಸಿ, ಇದು ಯಾವ ಗದ್ದೆಯ ಗಿಡವಮ್ಮಾ ಎಂದು ಕೇಳಿದರು.

ಪಂಪಾವತಿ ಅಕ್ಕಿಕಾಳುಗಳನ್ನು ಒಂದೊಂದಾಗಿ ಆರಿಸಿ ಸೆರಗಿನ ತುದಿಗೆ ಗಂಟು ಹಾಕಿಕೊಂಡಳು.

"ಗದ್ದಿದಲ್ರಿ ಸರ್. ತವರಿಂದ ಬಂದೈತಿ."