ಡಿವೈಡರ್ ಮೇಲಿನ ಹುಡುಗಿ

ಸುವರ್ಣಾಳ ಸಿನಿಮಾಕ್ಕೆ ಬಾಕಿಯಿದ್ದದ್ದು ಒಂದೇ ಒಂದು ಶಾಟು. ಗಚ್ಚಿಬೌಲಿಯ ಆರು ಸಾಲಿನ ರಸ್ತೆ ದಾಟಲು ಹೊರಟ ಹುಡುಗಿಯೊಬ್ಬಳು ಡಿವೈಡರ್ ಮೇಲೆ ಹೆದರಿ ನಿಂತುಬಿಡಬೇಕು. ಆಚೆಗೂ ಹೋಗಲಾರಳು, ಈಚೆಗೂ ಬರಲಾರಳು. ಸಿನಿಮಾ ಅಲ್ಲಿಗೆ ಮುಗಿಯಬೇಕು. ನಗರದವರ ಎದೆಯ ಢವಢವದ ಮೇಲೆ, ನಿರ್ಮಾಪಕರ ಹಂಗಿಲ್ಲದೆ, ಎರಡು ವರ್ಷ ಏಗಿ ಮಾಡಿದ ಸಿನಿಮಾ ಅದು. ಢವಢವ ಬೇರೆ ಯಾರದ್ದೂ ಅಲ್ಲ, ಅವಳದ್ದೇ. ಇದೇ ನಗರದ ತಾರ್ನಾಕದ ಕನ್ನಡದ ಮನೆಯಲ್ಲಿ ಹುಟ್ಟಿ ಬೆಳೆದು ಈಗ ಗಚ್ಚಿಬೌಲಿಯಲ್ಲೇ ಇರುವವಳು ಇಂದಿಗೂ ಈ ರಸ್ತೆಯನ್ನು ನಡೆದು ದಾಟಿದವಳಲ್ಲ. ಎದುರಿಗೆ ಕಾಣುವ ಅಂಗಡಿಗೂ ಕ್ಯಾಬ್ ಹಿಡಿದು ಎರಡು ಕಿಲೋಮೀಟರ್ ಸುತ್ತು ಹಾಕಿ ಬರುವ ಮಹಾರಾಯ್ತಿ.

ಪೊಲೀಸರ ಅನುಮತಿ ಬೆಳಿಗ್ಗೆ ಎಂಟರವರೆಗೆ. ನಟಿ ಮಾನ್ಯಾ ಮಧ್ಯಾಹ್ನ ಊರು ಬಿಡುವವಳು. ಇವತ್ತು ತಪ್ಪಿದರೆ ತಪ್ಪಿದಂತೆಯೇ. ಗಾಡಿಯವರ ಕಣ್ಣಿಗೆ ಬೀಳಬಾರದೆಂದು ಕ್ಯಾಮೆರಾಮನ್ ಸಮರ್ಥ್ ಬದಿಗೆ ನಿಲ್ಲಿಸಿದ ಆಟೋದೊಳಗೆ ಮುದುಡಿ ಕೂತಿದ್ದ. ಅವನ ಪಕ್ಕ ಸುವರ್ಣಾ ಉಗುರು ಕಚ್ಚುತ್ತಿದ್ದಳು.

ಏಳೂವರೆಗೆ ಮಾನ್ಯಾ ಡಿವೈಡರ್ ಹತ್ತಿ ನಿಂತಳು. ತುಟಿ ನಡುಗಿತು, ಬ್ಯಾಗು ಎದೆಗೆ ಒತ್ತಿಕೊಂಡಳು. ಅಬ್ಬಾ, ಏನು ನಟನೆ. ಸುವರ್ಣಾಳಿಗೆ ಕುಣಿಯುವಷ್ಟು ಖುಷಿಯಾಯಿತು.

ಅಷ್ಟರಲ್ಲಿ ಆಚೆ ಬದಿಯಿಂದ, ಕಟ್ಟಡ ಕೆಲಸಕ್ಕೆ ಹೊರಟ ಎಂಟು ಹೆಂಗಸರು ಬುತ್ತಿಗಂಟನ್ನು ಕಂಕುಳಲ್ಲಿ ಇರುಕಿ, ಒಬ್ಬರ ಕೈ ಒಬ್ಬರು ಹಿಡಿದು, ಸಾಲಾಗಿ ರಸ್ತೆಗಿಳಿದರು. ಕಾರುಗಳು ಹಾರ್ನ್ ಹೊಡೆಯುತ್ತಲೇ ನಿಂತವು. ಸಾಲಿನ ಕೊನೆಯವಳು ಮಾನ್ಯಾಳ ಮುಖ ನೋಡಿದವಳೇ, “ಬಾ ತಂಗಿ, ನನ್ನ ಕೈ ಬಿಡಬ್ಯಾಡ,” ಎನ್ನುತ್ತಾ ಅವಳ ಮಣಿಕಟ್ಟು ಹಿಡಿದು ದರದರ ಈಚೆಗೆ ಎಳೆತಂದಳು.

ಎರಡು ವರ್ಷದ ಕ್ಲೈಮ್ಯಾಕ್ಸು ಮಣ್ಣುಪಾಲಾಯಿತು. ಸುವರ್ಣಾ ಆಟೋದಿಂದ ಜಿಗಿದಳು.

“ಅಕ್ಕಾರ, ಶೂಟಿಂಗ್ ನಡದಿತ್ರಿ. ಆಕಿ ಅಲ್ಲೇ ನಿಲ್ಲಬೇಕಿತ್ತು.”

“ನಮಗೇನ ಗೊತ್ರಿ,” ಎಂದಳು ಬಂಡೆಮ್ಮ ಎಂಬ ಆ ಹೆಂಗಸು. “ಹುಡುಗಿ ನಡಗಾಕತ್ತಿತ್ತು. ಹಂಗ ಬಿಟ್ಟು ಬರಾಕ ಆಗತೈತೇನ್ರಿ?”

“ನಿಮಗ ಅಂಜಿಕಿ ಇಲ್ಲ. ಆರಾಮ ದಾಟತೀರಿ.”

ಬಂಡೆಮ್ಮ ತನ್ನ ಅಂಗೈಯನ್ನು ಸುವರ್ಣಾಳ ಅಂಗೈಗೆ ಒತ್ತಿದಳು. ಇಟ್ಟಿಗೆ ಹೊತ್ತು ಒರಟಾದ ಅಂಗೈ, ಬೆವರಿನಲ್ಲಿ ತೊಯ್ದು ತಣ್ಣಗಾಗಿತ್ತು.

“ಊರು ಬಿಟ್ಟು ಇಲ್ಲಿಗೆ ಬಂದು ಆರು ವರ್ಷ ಆತ್ರಿ. ದಿನಾ ಹಿಂಗ. ಅದಕ್ಕ ಕೈ ಹಿಡೀತೀವಿ.”

ಅಂಜಿಕೆಯನ್ನೆಲ್ಲ ಅಪಾರ್ಟ್‌ಮೆಂಟಿನವರಿಗೇ ಬರೆದುಕೊಟ್ಟಿದ್ದ ತನ್ನ ಚಿತ್ರಕಥೆ ನೆನೆದು ಸುವರ್ಣಾಳಿಗೆ ನಾಚಿಕೆಯಾಯಿತು. ಅದರ ಬೆನ್ನಿಗೇ ಮೈ ಜುಮ್ಮೆಂದಿತು. ಸಿನಿಮಾದ ಕೊನೆ ಈಗ ಸಿಕ್ಕಿತ್ತು.

“ಸಮರ್ಥ್, ಇವರು ಕೈ ಹಿಡಿದು ದಾಟಿದ್ದು ಕ್ಯಾಮೆರಾದಾಗ ಬಂತೇನೋ?”

“ಎಲ್ಲಿಂದ ಬರತೈತಿ, ಬಸ್ ಅಡ್ಡ ಬಂತು.”

ಗಂಟೆ ಏಳೂ ನಲವತ್ತು. ಸುವರ್ಣಾ ಬಂಡೆಮ್ಮನ ಕೈ ಬಿಡಲೇ ಇಲ್ಲ. “ಅಕ್ಕಾರ, ಆ ಕಡೆ ಹೋಗಿ ಇನ್ನೊಮ್ಮೆ ಹಂಗ ದಾಟಿ ಬರತೀರೇನ್ರಿ? ಸಿನಿಮಾದಾಗ ನೀವೂ ಇರತೀರಿ.”

ಹೆಂಗಸರು ಮುಖ ಮುಖ ನೋಡಿಕೊಂಡು ನಕ್ಕರು.

“ಎಂಟಕ್ಕ ಹಾಜರಿ ಐತ್ರಿ, ಲಗೂ ಮಾಡ್ರಿ,” ಎಂದಳು ಬಂಡೆಮ್ಮ. “ಬರೇ ನಮ್ಮನ್ನ ಕಳಸಬ್ಯಾಡ್ರಿ ಮತ್ತ. ನೀವೂ ಬರ್ರಿ.”

ಸುವರ್ಣಾ ರಸ್ತೆ ನೋಡಿದಳು. ಬಂಡೆಮ್ಮನ ಕೈಯನ್ನು ಇನ್ನಷ್ಟು ಬಿಗಿಯಾಗಿ ಹಿಡಿದಳು. ಆದರೂ ಖುಷಿ ತಡೆಯಲಾಗದೆ ನಗು ಉಕ್ಕುತ್ತಿತ್ತು. ಆಚೆ ಹೋಗುವುದನ್ನೂ ಹಿಡಿ ಎಂದು ಸಮರ್ಥ್‌ಗೆ ಹೇಳಿ, ಇನ್ನೊಂದು ಕೈಯನ್ನು ಮಾನ್ಯಾಳಿಗೆ ಕೊಟ್ಟು, ‘ಆ್ಯಕ್ಷನ್’ ಎನ್ನಲು ಬಾಯಿ ತೆರೆದಳು. ಅಷ್ಟರಲ್ಲಿ ಲಾರಿಯೊಂದು ಭರ್ರೆಂದು ಹೋಗಿ, ಆ ಮಾತು ಮರೆತು ಕಣ್ಣು ಮುಚ್ಚಿಕೊಂಡಳು.

“ನಡೀರಿ,” ಎಂದಳು ಬಂಡೆಮ್ಮ.

ಹತ್ತೂ ಮಂದಿ ರಸ್ತೆಗಿಳಿದರು.