ಮಗನ ಮುಖ ಹೇಳುವವಳು

ಈ ಕಥೆಯನ್ನು ಮೊದಲು ಹೇಳಿದವನು ಕಾರ್ಮಿಕ ಸಂಘದ ಸಭಾಂಗಣದಲ್ಲಿ ಪ್ರೊಜೆಕ್ಟರ್ ನಡೆಸುತ್ತಿದ್ದ ಮುದುಕ. ಇದರಲ್ಲಿ ಬರುವ ಸಾಕ್ಷ್ಯಚಿತ್ರ ತೆರೆಕಂಡ ಮರುವರ್ಷ, ಅದರದೇ ಪ್ರದರ್ಶನದ ನಡುವೆ ಕರೆಂಟು ಹೋದ ಒಂದು ಸಂಜೆ, ತೆರೆಯ ಪಕ್ಕದ ಖಾಲಿ ಕುರ್ಚಿ ಯಾರದೆಂದು ಯಾರೋ ಕೇಳಿದಾಗ ಹೇಳಿದ್ದು. ಅವನು ಹೇಳಿದ ಕ್ರಮವನ್ನೇ ಇಲ್ಲಿ ಉಳಿಸಿಕೊಂಡಿದ್ದೇನೆ.

ಒಳಚರಂಡಿಗಿಳಿದು ಹೂಳೆತ್ತುವವರ ಬಗ್ಗೆ ಒಬ್ಬ ಹೆಣ್ಣುಮಗಳು ಚಿತ್ರ ತೆಗೆಯುತ್ತಿದ್ದಳು. ಸೊಂಟಕ್ಕೊಂದು ಹಗ್ಗ ಬಿಟ್ಟರೆ ಬೇರೇನೂ ಇಲ್ಲದೆ ಅವರನ್ನು ಒಳಗಿಳಿಸುವುದನ್ನು ಜನ ಕಣ್ಣಾರೆ ಕಂಡರೆ ಆ ಕೆಲಸ ನಿಂತೀತೆಂಬುದು ಅವಳ ಆಸೆ. ಕ್ಯಾಮೆರಾದ ಮುಂದೆ ಬಾಯಿಬಿಡಲು ಒಬ್ಬ ಯುವಕನಷ್ಟೇ ಒಪ್ಪಿದ. ಅವನ ತಾಯಿ ಅಡ್ಡ ಬಂದಳು.

"ಇವನ ಮುಖ ಕಂಡ್ರೆ ಗುತ್ತಿಗೆದಾರ ನಾಳೆನೇ ಕೆಲಸ ಬಿಡಿಸ್ತಾನೆ, ಮಗಳೇ."

"ಮಸುಕು ಮಾಡ್ತೀನಮ್ಮ. ಯಾರಿಗೂ ಗುರುತು ಸಿಗಲ್ಲ."

"ಯಾರಾದ್ರೂ ಆ ಮಸುಕು ತೆಗೆದುಬಿಟ್ರೆ?"

"ಮಸುಕಿಲ್ಲದ್ದನ್ನ ಪೂರ್ತಿ ಅಳಿಸಿಹಾಕ್ತೀನಿ. ನನ್ನ ಮಾತು ನಂಬಿ."

ಮಗ ನಕ್ಕ. "ನಮ್ಮನೇಲಿ ನೋಡೋ ಹಾಗಿರೋದು ಈ ಮುಖ ಒಂದೇ. ಅದನ್ನೂ ಅಳಿಸಿ."

"ಬಾಯಿ ಮುಚ್ಕೊಂಡು ಕೂತ್ಕೋ. ಅವಳೇನು ಗಂಡು ನೋಡೋಕೆ ಬಂದಿಲ್ಲ," ಎಂದಳು ತಾಯಿ.

ಚಿತ್ರ ಸಿದ್ಧವಾಯಿತು. ಕೊಟ್ಟ ಮಾತಿನಂತೆ ಅವಳು ಮಸುಕಿಲ್ಲದ ಮೂಲವನ್ನು ಅಳಿಸಿದಳು. ಮೊದಲ ಪ್ರದರ್ಶನಕ್ಕೆ ಮುಂಚೆಯೇ, ಗುಂಡಿಗಿಳಿದ ಯುವಕ ವಿಷಗಾಳಿಗೆ ಸಿಕ್ಕಿ ತೀರಿಕೊಂಡ. "ಇವನು ನಮ್ಮ ಆಳೇ ಅಲ್ಲ" ಎಂದು ಗುತ್ತಿಗೆದಾರ ಕೈತೊಳೆದುಕೊಂಡ. ಯುವಕನ ಜೇಬಿನಲ್ಲಿದ್ದ ಗುರುತಿನ ಚೀಟಿ ಅಷ್ಟರಲ್ಲಿ ಮಾಯವಾಗಿತ್ತು. ಅವನು ದೊಡ್ಡವನಾದ ಮೇಲೆ ತೆಗೆಸಿದ್ದ ಫೋಟೋ ಅದರಲ್ಲಿದ್ದದ್ದೊಂದೇ.

ತಾಯಿ ಎಡಿಟಿಂಗ್ ಕೋಣೆಗೆ ಬಂದಳು. "ಇನ್ನು ಯಾರ ಭಯ, ಮಗಳೇ? ಆ ಮಸುಕು ತೆಗಿ. ಒಂದ್ಸಲ ನೋಡ್ತೀನಿ."

ಚಿತ್ರ ತೆಗೆದವಳು ಅವನ ಮಸುಕು ಮುಖವನ್ನು ಮಾನಿಟರಿನಲ್ಲಿ ನಿಲ್ಲಿಸಿದಳು. "ಅಳಿಸಿಬಿಟ್ಟೆ, ಅಮ್ಮಾ."

"ಹೌದಲ್ಲ. ನಾನೇ ಹೇಳಿದ್ದು."

ಮಾನಿಟರಿನಲ್ಲಿ ನಿಂತಿದ್ದ ಬೂದುಬಣ್ಣದ ಚೌಕಗಳನ್ನು ತಾಯಿ ಅಂಗೈಯಿಂದ ಒರೆಸಿದಳು. ಗಾಜಿನ ಧೂಳಷ್ಟೇ ಹೋಯಿತು.

ಮಸುಕಿಲ್ಲದ ಒಂದು ಪ್ರತಿ ಎಲ್ಲೋ ಉಳಿದು, ಕೊನೆಗೆ ಸಿಕ್ಕಿತೆಂದು ಈ ಕಥೆಯನ್ನು ಬೇರೆಯವರು ಹೇಳುವುದನ್ನೂ ನಾನು ಕೇಳಿದ್ದೇನೆ. ಮುದುಕ ಹೇಳಿದ್ದರಲ್ಲಿ ಅದಿಲ್ಲ.

ಅಂದಿನಿಂದ ಚಿತ್ರ ಎಲ್ಲಿ ತೋರಿಸಿದರೂ ತಾಯಿ ತೆರೆಯ ಪಕ್ಕದಲ್ಲಿ ಕುರ್ಚಿ ಹಾಕಿಸಿಕೊಂಡು ಕೂರುತ್ತಿದ್ದಳು. ಮಗನ ದನಿ ಕೇಳುತ್ತಲೇ ಜನರಿಗೆ ಅವನ ಮುಖವನ್ನು ಹೇಳುತ್ತಿದ್ದಳು: "ಇಲ್ಲಿ ಹುಬ್ಬು ಗಂಟು ಹಾಕಿದಾನೆ. ಇಲ್ಲಿ ನಗ್ತಾನೆ. ಎಡಗೆನ್ನೇಲಿ ಗುಳಿ ಬೀಳುತ್ತೆ. ಈಗ ಬಿತ್ತು, ನೋಡಿ."

"ಕಡೇ ಸಲ ಬಂದಾಗ ಆ ಗುಳಿ ಹತ್ರ ನಿಲ್ಲಿಸಿಬಿಟ್ಲು," ಎಂದ ಮುದುಕ. "'ಅಣ್ಣಾ, ಎಡಗೆನ್ನೆನೋ ಬಲಗೆನ್ನೆನೋ' ಅಂತ ನನ್ನನ್ನ ಕೇಳಿದ್ಲು. ಏನಂತ ಹೇಳ್ಲಿ? ನಾನು ನೋಡಿರೋದೂ ಮಸುಕೇ. ಆಮೇಲೆ ಬಂದಿಲ್ಲ. ಕುರ್ಚಿ ಮಾತ್ರ ಹಾಕ್ತೀನಿ."

ಅಷ್ಟರಲ್ಲಿ ಕರೆಂಟು ಬಂದಿತು. ಉಳಿದ ಚಿತ್ರವನ್ನು ಹಾಕೆಂದು ಯಾರೂ ಹೇಳಲಿಲ್ಲ. ಕೇಳುತ್ತಿದ್ದವರು ಒಬ್ಬೊಬ್ಬರಾಗಿ ಎದ್ದು, ಆ ಕುರ್ಚಿಗೆ ತಾಗದಂತೆ ಬಳಸಿಕೊಂಡು, ಮನೆಗೆ ಹೋದರು.